ಮುಖ ಮರೆಸಿಕೊಂಡ ಇಂಗ್ಲಿಷ್ ನಟ: ಅಲೆಕ್ ಗಿನ್ನೆಸ್ ಬಗ್ಗೆ ಒಂದಿಷ್ಟು ಮಾತಾಡೋಣ ಬನ್ನಿ

ಹಳೇ ರೀಲು, ಬೆಂಗಳೂರು:

ನನ್ನ ಸೋದರಮಾವ ಬಡಗಿ ಕೆಲಸದವರು. 1983-84ರಲ್ಲಿ ಇಂಗ್ಲಿಷ್ ನಿರ್ದೇಶಕ ಡೇವಿಡ್ ಲೀನ್ ‘ಎ ಪ್ಯಾಸೇಜ್ ಟು ಇಂಡಿಯಾ’ ಚಿತ್ರೀಕರಣಕ್ಕೆ ನಮ್ಮೂರಿಗೆ ಬಂದಾಗ ಬೆಂಗಳೂರು ಅರಮನೆಯ ಆವರಣದಲ್ಲಿ ಒಂದು ಬಜಾರನ್ನೇ ಎಬ್ಬಿಸಿದ್ದರು. ಮಾವ ಅಲ್ಲಿ ದಿನಗೂಲಿಗೆ ಹೋಗಿ ಅಂಗಡಿಗಳ ಬಾಗಿಲು, ಜಂತೆ ಕೂಡಿಸಿದವರು. ಸಿನಿಮಾವನ್ನು ಅವರು ನೋಡಿದ್ದು ಎಷ್ಟೋ ವರ್ಷದ ಮೇಲೆ, ನಮ್ಮ ಮನೆಯಲ್ಲಿ, ಬಾಡಿಗೆಗೆ ತಂದ ಕ್ಯಾಸೆಟ್ಟಿನಲ್ಲಿ. ತಾವು ಕೂಡಿಸಿದ ಬಾಗಿಲು ಎಲ್ಲಾದರೂ ಕಾಣುತ್ತದಾ ಅಂತ ಅವರು ಕಣ್ಣರಳಿಸಿ ಕೂತಿದ್ದರು. ನಾನು ಕೊನೆಯಲ್ಲಿ ಬರುವ ಹೆಸರುಗಳನ್ನು ಓದುತ್ತಿದ್ದೆ. ಪ್ರೊಫೆಸರ್ ಗೋಡ್ಬೋಲೆ: ಅಲೆಕ್ ಗಿನ್ನೆಸ್.

ಅದರ ಹಿಂದಿನ ವಾರವಷ್ಟೇ ‘ದಿ ಬ್ರಿಡ್ಜ್ ಆನ್ ದಿ ರಿವರ್ ಕ್ವಾಯ್’ ನೋಡಿದ್ದೆ. ಅದರ ಕರ್ನಲ್ ನಿಕಲ್ಸನ್ ಇನ್ನೂ ನನ್ನ ತಲೆಯಿಂದ ಇಳಿದಿರಲಿಲ್ಲ. ಹಣೆಗೆ ನಾಮವಿಟ್ಟುಕೊಂಡು ಅರೆಗಣ್ಣು ಮುಚ್ಚಿ ಕೂತ ಈ ಪ್ರೊಫೆಸರೂ, ಎದೆ ಸೆಟೆಸಿ ನಿಂತ ಆ ಕರ್ನಲ್ಲೂ ಒಬ್ಬರೇ ಅನ್ನುವುದು ಎರಡು ಮುಕ್ಕಾಲು ಗಂಟೆ ಸಿನಿಮಾ ನೋಡಿದರೂ ನನಗೆ ಹೊಳೆದಿರಲಿಲ್ಲ.

ಆವತ್ತಿನಿಂದ ಸಿಕ್ಕಿದ್ದೆಲ್ಲ ನೋಡುತ್ತಾ ಬಂದಿದ್ದೇನೆ. ಡಿಕನ್ಸನ ಫೇಗಿನ್, ಅರಬ್ ರಾಜಕುಮಾರ ಫೈಸಲ್, ದೊರೆ ಒಂದನೇ ಚಾರ್ಲ್ಸ್, ರೋಮಿನ ಮಾರ್ಕಸ್ ಅರೇಲಿಯಸ್, ಮೂರನೇ ಇನ್ನೊಸೆಂಟ್ ಪೋಪ್, ಕೊನೆಯ ಹತ್ತು ದಿನಗಳ ಹಿಟ್ಲರ್, ಬ್ಯಾಂಕಿನ ಗುಮಾಸ್ತ, ಕುರುಡ ಬಟ್ಲರ್, ಗೂಢಚಾರ ಸ್ಮೈಲಿ. ಇಷ್ಟಾದರೂ ಅವರ ಸ್ವಂತ ಮುಖ ಹೇಗಿತ್ತು ಅಂತ ಈಗ ಕೇಳಿದರೆ ತಡವರಿಸುತ್ತೇನೆ. ಸೌಮ್ಯ ಮುಖ, ತೆಳುವಾಗುತ್ತಿದ್ದ ಕೂದಲು, ತಿಳಿ ಕಣ್ಣು. ಅದಕ್ಕಿಂತ ಹೆಚ್ಚಿಗೆ ಹೇಳಲು ನನಗೆ ಬರುವುದಿಲ್ಲ.

ಹುಟ್ಟಿದ್ದು 1914ರ ಏಪ್ರಿಲ್ 2ರಂದು, ಲಂಡನ್ನಿನಲ್ಲಿ. ಜನನಪತ್ರದಲ್ಲಿ ತಂದೆಯ ಹೆಸರಿನ ಜಾಗ ಖಾಲಿ. ತಾಯಿ ಆಗ್ನೆಸ್ ಕಫ್. ತಂದೆ ಯಾರೆಂದು ಗಿನ್ನೆಸರಿಗೆ ಕೊನೆಯವರೆಗೂ ಖಚಿತವಾಗಲಿಲ್ಲ. ಸ್ವಲ್ಪ ಕಾಲ ಇದ್ದ ಮಲತಂದೆ ಕ್ರೂರಿ. ಬಾಡಿಗೆ ಕೋಣೆಗಳಲ್ಲಿ, ಬೋರ್ಡಿಂಗ್ ಶಾಲೆಗಳಲ್ಲಿ ಬೆಳೆದ ಹುಡುಗ. ತನ್ನದು ಅಂತ ಒಂದು ಗುರುತಿಲ್ಲದೆ ಬೆಳೆದವರು ಬೇರೆಯವರ ಗುರುತನ್ನು ಇಷ್ಟು ಸರಾಗವಾಗಿ ತೊಟ್ಟು ಕಳಚಿದ್ದರಲ್ಲಿ ಏನೋ ಸಂಬಂಧ ಇದೆ ಅಂತ ನನಗೆ ಅನಿಸುತ್ತದೆ. ಗಿನ್ನೆಸರ ಚಿತ್ರಗಳನ್ನು ಪ್ರೀತಿಯಿಂದ ನೋಡಿದವರು ಇಲ್ಲಿ ಯಾರಿದ್ದೀರಿ?

ನೇಪಥ್ಯ, ಧಾರವಾಡ:

ನಮಸ್ಕಾರ್ರಿ. ನಾನು ಮೂವತ್ತು ವರ್ಷದಿಂದ ಇಲ್ಲೆ ಹವ್ಯಾಸಿ ನಾಟಕ ಮಾಡಿಕೊಂಡು ಬಂದೀನಿ. ಗಿನ್ನೆಸ್ ಅಂದ್ರ ಮೊದಲು ರಂಗಭೂಮಿ, ಆಮ್ಯಾಲೆ ಸಿನಿಮಾ. ಅದನ್ನ ಬಿಟ್ಟು ಆತನ ಮಾತು ಸುರು ಮಾಡಬಾರದು ಅಂತ ಬರೀಲಿಕ್ಕೆ ಕೂತೆ.

ಜಾಹೀರಾತು ಕಂಪನಿಯೊಳಗ ಕೆಲಸಕ್ಕಿದ್ದ ಹುಡುಗ. ಕೈಯಾಗ ರೊಕ್ಕ ಇರಲಿಲ್ಲ. ಮಾರ್ಟಿಟಾ ಹಂಟ್ ಅನ್ನೋ ನಟಿ ಹತ್ರ ಪಾಠ ಹೇಳಿಸಿಕೊಂಡ, ಆಮ್ಯಾಲೆ ಫೇ ಕಾಂಪ್ಟನ್ ಅವರ ನಾಟಕಶಾಲೆಗೆ ವಿದ್ಯಾರ್ಥಿವೇತನದ ಮ್ಯಾಲೆ ಸೇರಿದ. ಅಲ್ಲಿ ಹೆಸರಾಂತ ರಂಗನಟ ಜಾನ್ ಗೀಲ್ಗುಡ್ ಕಣ್ಣಿಗೆ ಬಿದ್ದ. 1934ರಾಗ ಗೀಲ್ಗುಡ್ ತಮ್ಮ ‘ಹ್ಯಾಮ್ಲೆಟ್’ ನಾಟಕದಾಗ ಆಸ್ರಿಕ್ ಪಾತ್ರ ಕೊಟ್ಟರು. ನಾಕು ವರ್ಷಕ್ಕ ಲಂಡನ್ನಿನ ಓಲ್ಡ್ ವಿಕ್ ರಂಗದ ಮ್ಯಾಲೆ ಟೈರನ್ ಗತ್ರಿ ನಿರ್ದೇಶನದಾಗ ತಾನೇ ಹ್ಯಾಮ್ಲೆಟ್ ಆದ, ಅದೂ ಈಗಿನ ಕಾಲದ ಉಡುಪಿನಾಗ. ಆಗ ವಯಸ್ಸು ಇಪ್ಪತ್ನಾಕು.

ಇನ್ನೊಂದು ಕೇಳ್ರಿ. 1946ರಾಗ ಲಾರೆನ್ಸ್ ಒಲಿವಿಯರ್ ಲಿಯರ್ ರಾಜ ಆದಾಗ ವಿದೂಷಕ ಈತ. ಆ ನಾಟಕದಾಗ ವಿದೂಷಕಗ ಸಿಗೋ ಮಾತು ಎಷ್ಟು? ಭಾಳ ಕಡಿಮಿ. ಆದರೂ ನೋಡಿದವರು ಆ ವಿದೂಷಕನ್ನ ಮರೀಲಿಲ್ಲ. ನಮ್ಮ ಕಡೆ ಹೊಸ ಹುಡುಗರು ಪಾತ್ರ ಹಂಚೋ ದಿವಸ ಪುಟ ಎಣಿಸತಾರ. ಅವರಿಗೆ ಯಾವಾಗಲೂ ಈ ವಿದೂಷಕನ ಮಾತು ಹೇಳತೀನಿ.

1953ರಾಗ ಕೆನಡಾದ ಸ್ಟ್ರ್ಯಾಟ್‌ಫರ್ಡ್‌ನಾಗ ಶೇಕ್ಸ್‌ಪಿಯರ್ ಉತ್ಸವ ಸುರು ಆತು. ಕಟ್ಟಡ ಇಲ್ಲ, ದೊಡ್ಡದೊಂದು ಡೇರೆ. ಆ ಡೇರೆಯೊಳಗ ಮೊದಲ ಮಾತು ಆಡಿದ್ದು ಈತನ, ಮೂರನೇ ರಿಚರ್ಡ್ ಆಗಿ. ಡೇರೆಯೊಳಗ ನಾಟಕ ಅಂದಕೂಡಲೆ ನಮ್ಮ ಕಂಪನಿ ನಾಟಕ ನೆನಪಾಗಿ ನನಗ ಆತ ನಮ್ಮಾಂವ ಅನಿಸಿಬಿಟ್ಟ.

ಹೊಸ ಕಣ್ಣು, ಮೈಸೂರು:

ನಾನು ಇಲ್ಲಿ ಚಿಕ್ಕವಳು ಅನ್ಸುತ್ತೆ. ನನಗೆ ಇವರು ‘ಸ್ಟಾರ್ ವಾರ್ಸ್’ ಓಬಿ-ವಾನ್ ಕೆನೋಬಿ ಅಂತ ಮಾತ್ರ ಗೊತ್ತಿತ್ತು. ಆ ಪಾತ್ರ ಅವರಿಗೆ ಇಷ್ಟವೇ ಇರಲಿಲ್ಲ ಅಂತ ಓದಿ ತುಂಬ ಬೇಜಾರಾಯ್ತು. ನಿಜಾನಾ? ಇಷ್ಟ ಇಲ್ಲದೆ ಅಷ್ಟು ಚೆನ್ನಾಗಿ ಮಾಡೋಕೆ ಆಗುತ್ತಾ? ಯಾವ ಸಿನಿಮಾದಿಂದ ಶುರು ಮಾಡಲಿ, ಹೇಳಿ.

ಹಳೇ ರೀಲು, ಬೆಂಗಳೂರು:

ನೇಪಥ್ಯ ಸರ್, ಲಿಯರನ ವಿದೂಷಕನನ್ನು ನೆನಪಿಸಿದ್ದಕ್ಕೆ ಶರಣು.

ಹೊಸ ಕಣ್ಣು, ನಿಜ ಅಮ್ಮ. 1976ರಲ್ಲಿ ಚಿತ್ರೀಕರಣ ನಡೆಯುವಾಗಲೇ ಗೆಳತಿಗೆ ಬರೆದ ಪತ್ರದಲ್ಲಿ ಆ ಸಂಭಾಷಣೆಗಳ ಬಗ್ಗೆ ಗೊಣಗಿದ್ದಾರೆ. ಆದರೆ ಕೆಲಸದಲ್ಲಿ ಒಂದು ಕೂದಲೆಳೆಯಷ್ಟೂ ಕಡಿಮೆ ಮಾಡಲಿಲ್ಲ. ಸುತ್ತ ಹೊಸ ಹುಡುಗರು, ರೋಬೋಟುಗಳು, ಟ್ಯುನೀಷಿಯಾದ ಮರಳು. ಅದರ ನಡುವೆ ಅರವತ್ತು ದಾಟಿದ ಈ ಮನುಷ್ಯ ನಿಲುವಂಗಿ ಹೊದ್ದು ‘ಫೋರ್ಸ್’ ಅಂದರೇನು ಅಂತ ಮೆಲ್ಲಗೆ ಹೇಳುವಾಗ ನಾವು ನಂಬುತ್ತೇವೆ. ಅವರು ನಂಬಿಸದೆ ಹೋಗಿದ್ದರೆ ಮಿಕ್ಕ ಕಥೆ ನಿಲ್ಲುತ್ತಲೇ ಇರಲಿಲ್ಲ. ಆ ವರ್ಷ ನಟರಲ್ಲಿ ಆ ಚಿತ್ರದಿಂದ ಆಸ್ಕರ್‌ಗೆ ನಾಮನಿರ್ದೇಶನಗೊಂಡವರು ಇವರೊಬ್ಬರೇ. ಲಾಭದಲ್ಲಿ ಶೇಕಡಾ ಎರಡೂ ಕಾಲು ಪಾಲು ಸಿಕ್ಕಿತು. ಅಷ್ಟು ಹಣವನ್ನು ಬೇರೆ ಯಾವ ಚಿತ್ರವೂ ಅವರಿಗೆ ಕೊಟ್ಟಿರಲಿಲ್ಲ.

ಚಿತ್ರವನ್ನು ನೂರಕ್ಕೂ ಹೆಚ್ಚು ಸಲ ನೋಡಿದ್ದ ಹುಡುಗನೊಬ್ಬ ಹಸ್ತಾಕ್ಷರ ಕೇಳಿದಾಗ, ಇನ್ನು ಮೇಲೆ ಅದನ್ನು ನೋಡಬೇಡ ಅಂತ ಅವನಿಗೆ ಹೇಳಿದ್ದನ್ನು ಅವರೇ ತಮ್ಮ ದಿನಚರಿ ಪುಸ್ತಕದಲ್ಲಿ ಬರೆದುಕೊಂಡಿದ್ದಾರೆ. ಹುಡುಗ ಅತ್ತುಬಿಟ್ಟನಂತೆ. ಇದು ಒರಟಾಗಿ ಕಾಣುತ್ತದೆ, ಒಪ್ಪುತ್ತೇನೆ. ಆದರೆ ದಶಕಗಟ್ಟಲೆ ಮುಖ ಮರೆಸಿಕೊಂಡೇ ದುಡಿದವರು, ಊರೂರಲ್ಲಿ ಒಂದೇ ಮುಖದಿಂದ ಗುರುತಿಸಲ್ಪಟ್ಟಾಗ ಆದ ಕಸಿವಿಸಿ ನನಗೆ ಅರ್ಥವಾಗುತ್ತದೆ.

ನೀನು ‘ಕೈಂಡ್ ಹಾರ್ಟ್ಸ್ ಅಂಡ್ ಕಾರೊನೆಟ್ಸ್’ನಿಂದ ಶುರು ಮಾಡು. 1949ರದು, ಈಲಿಂಗ್ ಸ್ಟುಡಿಯೋದ್ದು, ರಾಬರ್ಟ್ ಹೇಮರ್ ನಿರ್ದೇಶನ. ಡ್ಯೂಕ್ ಪದವಿಗೆ ತನಗೂ ಹಕ್ಕಿದೆ ಅಂತ ಒಬ್ಬ ಬಡ ತರುಣ ಅಡ್ಡ ಇರುವ ಸಂಬಂಧಿಕರನ್ನು ಒಬ್ಬೊಬ್ಬರಾಗಿ ಮುಗಿಸುತ್ತಾನೆ. ತರುಣ ಡೆನಿಸ್ ಪ್ರೈಸ್. ಆ ಮನೆತನದ ಎಂಟು ಜನವೂ ಗಿನ್ನೆಸ್: ಪಾದ್ರಿ, ಸೇನಾಧಿಪತಿ, ನೌಕಾಧಿಪತಿ, ಬ್ಯಾಂಕಿನ ಯಜಮಾನ, ಡ್ಯೂಕ್, ಇಬ್ಬರು ಎಳೆಯರು, ಮತ್ತೆ ಲೇಡಿ ಅಗಾಥಾ ಎಂಬ ಹೆಂಗಸು. ಮೊದಲು ನಾಲ್ಕು ಪಾತ್ರಕ್ಕೆ ಕೇಳಿದ್ದರಂತೆ, ಎಂಟೂ ನಾನೇ ಯಾಕೆ ಮಾಡಬಾರದು ಅಂತ ಅವರೇ ಕೇಳಿದರಂತೆ.

ಚರ್ಚಿನ ದೃಶ್ಯದಲ್ಲಿ ಆರು ಜನ ಒಂದೇ ಚೌಕಟ್ಟಿನಲ್ಲಿ ಇದ್ದಾರೆ. ಕಂಪ್ಯೂಟರ್ ಇಲ್ಲದ ಕಾಲ. ಕ್ಯಾಮರಾಮನ್ ಡಗ್ಲಸ್ ಸ್ಲೋಕೊಂಬ್ ಕ್ಯಾಮರಾವನ್ನು ಅಲ್ಲಾಡದ ಹಾಗೆ ಬಿಗಿದು, ಲೆನ್ಸಿನ ಮುಂದೆ ಒಂದು ಭಾಗ ಬಿಟ್ಟು ಮಿಕ್ಕಿದ್ದನ್ನೆಲ್ಲ ಕಪ್ಪಾಗಿ ಮುಚ್ಚಿ ಒಬ್ಬರನ್ನು ತೆಗೆದರು. ಫಿಲ್ಮನ್ನು ಹಿಂದಕ್ಕೆ ಸುತ್ತಿ, ಗಿನ್ನೆಸ್ ಬೇರೆ ವೇಷ ಹಾಕಿಕೊಂಡು ಬರುವವರೆಗೆ ಕಾದು, ಇನ್ನೊಂದು ಭಾಗ ತೆರೆದು ಇನ್ನೊಬ್ಬರನ್ನು ತೆಗೆದರು. ಹೀಗೆ ಆರು ಸಲ, ದಿನಗಟ್ಟಲೆ. ರಾತ್ರಿ ಯಾರಾದರೂ ಕಾಲು ತಗಲಿಸಿದರೆ ಎಲ್ಲ ಹೋಯಿತಲ್ಲ, ಅದಕ್ಕೆ ಸ್ಲೋಕೊಂಬ್ ಕ್ಯಾಮರಾದ ಪಕ್ಕದಲ್ಲೇ ಮಲಗಿದ್ದರು.

ತಂತ್ರ ಹಾಗಿರಲಿ. ಆ ಆರು ಜನ ಇರುವ ರೀತಿ ನೋಡು. ಒಬ್ಬರ ಭುಜ ಇದ್ದ ಹಾಗೆ ಇನ್ನೊಬ್ಬರದು ಇಲ್ಲ.

ಓದುಗಿ, ಮಂಗಳೂರು:

ಈ ಚರ್ಚೆಯನ್ನು ಸಂತೋಷದಿಂದ ಓದುತ್ತಿದ್ದೇನೆ. ಆದರೆ ಒಂದು ವಿಷಯವನ್ನು ನೀವೆಲ್ಲ ದಾಟಿಕೊಂಡು ಹೋಗುತ್ತಿದ್ದೀರಿ. ಗೋಡ್ಬೋಲೆ ಪಾತ್ರ ನನಗೆ ನೋವು ಕೊಟ್ಟ ಪಾತ್ರ.

1984ರ ಹೊತ್ತಿಗೆ ಆ ಪಾತ್ರ ಮಾಡಬಲ್ಲ ಭಾರತೀಯ ನಟರಿಗೆ ಬರ ಇತ್ತೇ? ಅದೇ ಚಿತ್ರದಲ್ಲಿ ವಿಕ್ಟರ್ ಬ್ಯಾನರ್ಜಿ ಇದ್ದಾರೆ, ಸಯೀದ್ ಜಾಫ್ರಿ, ರೋಶನ್ ಸೇಠ್ ಇದ್ದಾರೆ. ಅವರ ನಡುವೆ ಒಬ್ಬ ಆಂಗ್ಲ ನಟ ಕಂದು ಬಣ್ಣ ಬಳಿದುಕೊಂಡು ದಖನಿನ ಬ್ರಾಹ್ಮಣನಾಗಿ ಕೂತಿದ್ದಾರೆ. ಚಿತ್ರದ ಮೂಲ ಕಾದಂಬರಿಯಲ್ಲಿ ಗೋಡ್ಬೋಲೆ ಕೃಷ್ಣನನ್ನು ‘ಬಾ ಬಾ’ ಎಂದು ಕರೆಯುವ ಹಾಡು ಹಾಡುತ್ತಾನೆ, ಕೃಷ್ಣ ಬರುವುದಿಲ್ಲ. ಆ ಮನುಷ್ಯನ ಒಳಗೆ ದಾಸರ ಪದಗಳಲ್ಲಿ ಕೇಳುವಂಥ ಒಂದು ಹಂಬಲ ಇದೆ. ಪರದೆಯ ಮೇಲೆ ಅವನು ವಿಚಿತ್ರವಾಗಿ ಕಾಣುವ ಒಬ್ಬ ಮುದುಕನಾಗಿ ಉಳಿದ.

ಹಾಗೆಯೇ 1948ರ ‘ಆಲಿವರ್ ಟ್ವಿಸ್ಟ್’, ಅದರಲ್ಲಿ ಫೇಗಿನ್ ಹುಡುಗರಿಗೆ ಕಳ್ಳತನ ಕಲಿಸುವ ಯಹೂದಿ. ಫೇಗಿನ್‌ಗೆ ಅಂಟಿಸಿದ ಆ ಮೂಗನ್ನು ಡಿಕನ್ಸನ ಕಾದಂಬರಿಗೆ ಚಿತ್ರ ಬಿಡಿಸಿದ ಜಾರ್ಜ್ ಕ್ರುಕ್‌ಶ್ಯಾಂಕನ ಹಳೆಯ ಚಿತ್ರಗಳಿಂದ ತೆಗೆದುಕೊಂಡದ್ದು ಎಂಬ ಸಮರ್ಥನೆ ಇದೆ. ಆದರೆ ಯಹೂದಿಗಳ ನರಮೇಧ ಮುಗಿದು ಆಗ ಮೂರು ವರ್ಷ. 1949ರಲ್ಲಿ ಬರ್ಲಿನ್ನಿನ ಚಿತ್ರಮಂದಿರದ ಎದುರು ಬದುಕುಳಿದ ಯಹೂದಿಗಳು ಪ್ರತಿಭಟಿಸಿದರು. ಅಮೆರಿಕದಲ್ಲಿ 1951ರವರೆಗೆ ಚಿತ್ರ ತೆರೆಗೆ ಬರಲಿಲ್ಲ, ಬಂದಾಗಲೂ ಫೇಗಿನ್ ದೃಶ್ಯಗಳನ್ನು ಕತ್ತರಿಸಿ ತಂದರು. 1961ರ ‘ಎ ಮೆಜಾರಿಟಿ ಆಫ್ ವನ್’ನಲ್ಲಿ ಜಪಾನಿ ವ್ಯಾಪಾರಿಯಾದರು. ಯಾರೂ ಆಗಬಲ್ಲ ನಟ ಎಂದು ಹೊಗಳುವಾಗ ಆ ಸವಲತ್ತು ಯಾರಿಗಿತ್ತು, ಯಾರಿಗಿರಲಿಲ್ಲ ಎನ್ನುವುದನ್ನೂ ಹೇಳಬೇಕಲ್ಲವೇ? ರೋಶನ್ ಸೇಠರನ್ನು ಯಾರೂ ಕರ್ನಲ್ ನಿಕಲ್ಸನ್ ಮಾಡಲಿಲ್ಲ.

ಸಾವನದುರ್ಗದ ಹಕ್ಕಿ, ಮಾಗಡಿ:

ಓದುಗಿ ಅಕ್ಕನ ಮಾತಿಗೆ ನನ್ನ ಹತ್ರ ಉತ್ತರ ಇಲ್ಲ. ನಮ್ಮ ಕಡೆಯ ಒಂದು ವಿಷಯ ಸೇರಿಸ್ತೀನಿ, ಅಷ್ಟೆ.

ಆ ಸಿನಿಮಾದ ಮಾರಬಾರ್ ಗುಹೆಗಳು ನಮ್ಮವು. ಲೇಖಕ ಫಾರ್ಸ್ಟರ್ ಮನಸ್ಸಿನಲ್ಲಿದ್ದಿದ್ದು ಬಿಹಾರದ ಬರಾಬರ್ ಗುಡ್ಡ. ಅಲ್ಲಿನ ಗುಡ್ಡ ಲೀನ್ ಕಣ್ಣಿಗೆ ಹಿಡಿಸಲಿಲ್ಲ. ಅದಕ್ಕೆ ಸಾವನದುರ್ಗ, ರಾಮನಗರದ ರಾಮದೇವರಬೆಟ್ಟ ಹುಡುಕ್ಕೊಂಡು ಬಂದ್ರು. ಬೆಟ್ಟದ ಮೈಮೇಲೆ ಗುಹೆ ಬಾಯಿಗಳನ್ನ ಸಿನಿಮಾದವರೇ ಮಾಡಿಕೊಂಡ್ರು. ಗುಹೆಗೆ ಹೋಗೋ ರೈಲು ಮಾತ್ರ ನೀಲಗಿರಿಯದು. ನಾನು ಈಗಲೂ ಬೆಳಗ್ಗೆ ಹಕ್ಕಿ ನೋಡೋಕೆ ಆ ಬಂಡೆ ಕೆಳಗೆ ಹೋಗ್ತೀನಿ. ಉದ್ದಕೊಕ್ಕಿನ ರಣಹದ್ದು ರಾಮದೇವರಬೆಟ್ಟದ ಮೇಲೆ ಇನ್ನೂ ಕಾಣಿಸುತ್ತೆ. ಜನ ‘ಶೋಲೆ’ ತೆಗೆದ ಜಾಗ ತೋರಿಸಿ ಅಂತ ಬರ್ತಾರೆ. ಈ ಸಿನಿಮಾ ಕೇಳಿಕೊಂಡು ಬಂದವರು ನನಗೆ ಇಬ್ಬರೋ ಮೂವರೋ ಸಿಕ್ಕಿರಬಹುದು.

ಹಳೇ ರೀಲು, ಬೆಂಗಳೂರು:

ಓದುಗಿಯವರೇ, ಎರಡು ದಿನ ಉತ್ತರ ಬರೆಯದೆ ಸುಮ್ಮನಿದ್ದೆ. ನಿಮ್ಮ ಮಾತು ಸರಿ. ನನ್ನ ಮೊದಲ ಬರಹದಲ್ಲಿ ನಾನು ಒಂದನ್ನು ಬಿಟ್ಟಿದ್ದೆ, ಈಗ ಹೇಳಿಬಿಡುತ್ತೇನೆ.

ಆವತ್ತು ಗೋಡ್ಬೋಲೆ ಇಂಗ್ಲಿಷಿನವರು ಅಂತ ನನಗೆ ಗೊತ್ತಾಗಲಿಲ್ಲ ಅಂದೆನಲ್ಲ, ಮಾವನಿಗೆ ಗೊತ್ತಾಗಿತ್ತು. ಹೆಸರು ಓದಿ ನಾನು ಬೆರಗಾಗಿ ಕೂಗಿದಾಗ ಅವರು, ‘ನೆಲದ ಮೇಲೆ ಕೂತಾಗಲೇ ಅಂದ್ಕೊಂಡೆ ಕಣೋ. ಮಂಡಿ ನೋಡು, ನೆಲ ಕಂಡು ಅಭ್ಯಾಸ ಇರೋ ಮಂಡಿ ಅಲ್ಲ’ ಅಂದರು. ಜೀವನವೆಲ್ಲ ನೆಲದಲ್ಲಿ ಕೂತು ಉಳಿ ಹಿಡಿದವರ ಕಣ್ಣು ಅದು. ನಾನು ಮುಖ ನೋಡುತ್ತಿದ್ದೆ, ಅವರು ಮಂಡಿ ನೋಡಿದ್ದರು. ಮೂರು ದಶಕದಿಂದ ಈ ಮಾತನ್ನು ಮನಸ್ಸಿನಲ್ಲಿಟ್ಟುಕೊಂಡು ಗಿನ್ನೆಸರನ್ನು ಮೆಚ್ಚುತ್ತಲೇ ಬಂದಿದ್ದೇನೆ. ಎರಡೂ ನನ್ನೊಳಗೆ ಇವೆ.

ಆ ಪಾತ್ರಕ್ಕಾಗಿ ಅವರು ಶ್ರಮ ಪಡಲಿಲ್ಲ ಅಂತಲ್ಲ. ಕೊನೆಗೆ ಗೋಡ್ಬೋಲೆ ಕುಣಿಯುವ ದೃಶ್ಯ ಇತ್ತು. ಎಪ್ಪತ್ತರ ಹೊಸ್ತಿಲಲ್ಲಿ ಅದಕ್ಕಾಗಿ ಹೆಜ್ಜೆ ಕಲಿತರು. ಲೀನ್ ಸಂಕಲನದಲ್ಲಿ ಅದನ್ನು ಕತ್ತರಿಸಿದರು, ಇನ್ನೂ ಕೆಲವನ್ನು ಮೊಟಕು ಮಾಡಿದರು. ಗಿನ್ನೆಸ್ ತುಂಬ ನೊಂದರು. ‘ಗ್ರೇಟ್ ಎಕ್ಸ್‌ಪೆಕ್ಟೇಷನ್ಸ್’ನಿಂದ ಇಲ್ಲಿಯವರೆಗೆ ಇಬ್ಬರೂ ಕೂಡಿ ಮಾಡಿದ್ದು ಆರು ಚಿತ್ರ. ಅದು ಅವರ ಜೊತೆಯ ಕೊನೆಯದು, ಲೀನ್ ನಿರ್ದೇಶನದ ಕೊನೆಯದೂ ಹೌದು. ನೀವು ಹೇಳಿದ ಆ ‘ಬಾ ಬಾ’ ಎಂಬ ಹಂಬಲ ಎಲ್ಲಾದರೂ ಇದ್ದಿದ್ದರೆ ಆ ಕುಣಿತದಲ್ಲಿ ಇರಬೇಕಿತ್ತು.

ಆದರೂ ಕರೆಸಬೇಕಿದ್ದುದು ನಮ್ಮವರನ್ನೇ. ಈ ಮಾತಿನಲ್ಲಿ ನಿಮ್ಮ ಜೊತೆ ನಿಲ್ಲುತ್ತೇನೆ.

ನೇಪಥ್ಯ, ಧಾರವಾಡ:

ನಿಮ್ಮ ಮಾವನವರ ಮಂಡಿ ಮಾತು ಓದಿ ಕುರ್ಚಿಯಿಂದ ಎದ್ದು ನಿಂತೆರಿ. ಅದರಾಗ ನಟನೆಯ ದೊಡ್ಡ ಪಾಠ ಅದ.

ಯಾಕಂದ್ರ ಗಿನ್ನೆಸ್ ಸ್ವತಃ ಪಾತ್ರ ಹುಡುಕತಿದ್ದದ್ದು ಕಾಲಿನಿಂದ. ಆ ಮನಶಾ ಹೆಂಗ ನಡೀತಾನ ಅನ್ನೋದು ಸಿಕ್ಕರ ಉಳಿದದ್ದು ಹಿಂದ ಬರತದ ಅನ್ನೋದು ಆತನ ರೀತಿ. ‘ರಿವರ್ ಕ್ವಾಯ್’ನಾಗ ಜಪಾನಿ ಕ್ಯಾಂಪಿನ ಅಧಿಕಾರಿ ಸೈಟೊ, ಸೆರೆಸಿಕ್ಕ ನಿಕಲ್ಸನ್ನನ್ನ ಬಿಸಿಲಿನ್ಯಾಗ ತಗಡಿನ ಗೂಡಿನೊಳಗ ದಿನಗಟ್ಟಲೆ ಕೂಡಿಹಾಕತಾನ. ಹೊರಗ ತಂದಾಗ ಕಾಲು ತನ್ನವಲ್ಲ ಅನ್ನೋ ಹಂಗ ಇರತಾವ, ಆದ್ರ ಬೆನ್ನು ಬಾಗಬಾರದು, ತನ್ನ ಸಿಪಾಯಿಗಳು ನೋಡಲಿಕತ್ತಾರ. ಹಂಗ ಆ ಮೈದಾನ ದಾಟತಾನ. ಆ ನಡಿಗಿ ಎಲ್ಲಿಂದ ಬಂತು ಗೊತ್ತದ ಏನು? ಆತನ ಮಗ ಮ್ಯಾಥ್ಯೂಗ ಹನ್ನೊಂದರ ವಯಸ್ಸಿನ್ಯಾಗ ಪೋಲಿಯೊ ಆಗಿ ಸೊಂಟದ ಕೆಳಗ ಸ್ವಾಧೀನ ತಪ್ಪಿತ್ತು. ಚೇತರಿಸಿಕೊಳ್ಳೋವಾಗ ಆ ಹುಡುಗ ಕಾಲು ಎಳಕೊಂಡು ಹೆಂಗ ನಡದಿದ್ದ, ತಂದಿ ಅದನ್ನ ನೋಡಿದ್ದ. ಅದೇ ನಡಿಗಿ ಸಿನಿಮಾಕ್ಕ ಬಂತು.

ತನ್ನ ಮಗನ ನೋವಿನ ನಡಿಗಿ ತನ್ನ ಮೈಯಾಗ ಹಾಕಿಕೊಂಡು ಎಷ್ಟು ಸಲ ನಡದಿರಬೇಕು ಆತ, ಸಿಂಹಳದ ಆ ಬಿಸಿಲಿನ್ಯಾಗ. ನಾನೂ ತಂದಿ. ಮುಂದ ಬರೀಲಿಕ್ಕೆ ಆಗವಲ್ದು.

ಓದುಗಿ, ಮಂಗಳೂರು:

ನೇಪಥ್ಯ ಅವರೇ, ಇದು ನನಗೆ ಗೊತ್ತಿರಲಿಲ್ಲ. ಅದೇ ಮಗನ ಕಾಯಿಲೆಯ ದಿನಗಳ ಕುರಿತು ನಾನು ಬೇರೆ ಕಡೆ ಓದಿದ್ದು ಈಗ ಜೊತೆಗೂಡಿತು. ಆಗ ಅವರು ಸಂಜೆ ಮನೆಗೆ ಹೋಗುವ ದಾರಿಯಲ್ಲಿ ಒಂದು ಕ್ಯಾಥೊಲಿಕ್ ಇಗರ್ಜಿಯಲ್ಲಿ ಸುಮ್ಮನೆ ಕೂತು ಹೋಗುತ್ತಿದ್ದರಂತೆ. ಮಗ ಗುಣವಾದರೆ, ಅವನು ಬಯಸಿದಲ್ಲಿ ಕ್ಯಾಥೊಲಿಕ್ ಆಗಲು ಅಡ್ಡ ಬರುವುದಿಲ್ಲ ಎಂದು ದೇವರಲ್ಲಿ ಹರಕೆ ಹೊತ್ತರು. 1954ರ ‘ಫಾದರ್ ಬ್ರೌನ್’ ಚಿತ್ರೀಕರಣ ಫ್ರಾನ್ಸಿನ ಬರ್ಗಂಡಿಯಲ್ಲಿ ನಡೆಯುವಾಗ ಪಾದ್ರಿಯ ಉಡುಪಿನಲ್ಲೇ ಕತ್ತಲಲ್ಲಿ ನಡೆದು ಹೋಗುತ್ತಿದ್ದರು. ಗುರುತಿಲ್ಲದ ಒಬ್ಬ ಪುಟ್ಟ ಹುಡುಗ ಓಡಿ ಬಂದು ‘ಪಾದ್ರಿಗಳೇ’ ಎಂದು ಕರೆದು ಕೈ ಹಿಡಿದುಕೊಂಡು, ಏನೇನೋ ಹರಟುತ್ತಾ ಜೊತೆಗೆ ನಡೆದು, ಹೋಗಿ ಬರುತ್ತೇನೆ ಎಂದು ಹೊರಟುಹೋದ. ವೇಷವೊಂದನ್ನು ನಂಬಿ ಮಗು ಇಷ್ಟು ನಿರ್ಭಯವಾಗಿ ಕೈ ಕೊಟ್ಟಿತಲ್ಲ ಎಂಬುದು ಅವರನ್ನು ಬಿಡಲಿಲ್ಲ. 1956ರಲ್ಲಿ ಅವರೇ ಕ್ಯಾಥೊಲಿಕ್ ಆದರು. ನಮ್ಮ ಊರಿನಲ್ಲಿ ಇಗರ್ಜಿಯ ಪಕ್ಕವೇ ಬೆಳೆದ ನನಗೆ ಈ ಘಟನೆ ಬಹಳ ಹತ್ತಿರದ್ದು.

ಗೋಡ್ಬೋಲೆ ವಿಷಯದಲ್ಲಿ ನನ್ನ ಮಾತಿಗೆ ನಾನು ಬದ್ಧಳು. ಮನುಷ್ಯನ ಮೇಲೆ ಮಾತ್ರ ನನಗೆ ಸಿಟ್ಟಿಲ್ಲ.

ಕ್ರಾಯ್ಡನ್ ಕನ್ನಡತಿ, ಲಂಡನ್ ಹತ್ತಿರ:

ಇಲ್ಲಿಗೆ ಬಂದು ಇಪ್ಪತ್ತೆರಡು ವರ್ಷ ಆಯ್ತು. ಇಲ್ಲಿಯ ಹಿರಿಯರ ಬಾಯಲ್ಲಿ ಗಿನ್ನೆಸ್ ಅಂದರೆ ಮೊದಲು ಬರುವುದು ಜಾರ್ಜ್ ಸ್ಮೈಲಿ. 1979ರಲ್ಲಿ ಬಿಬಿಸಿ ‘ಟಿಂಕರ್ ಟೈಲರ್ ಸೋಲ್ಜರ್ ಸ್ಪೈ’ಯನ್ನು ಏಳು ಕಂತಿನಲ್ಲಿ ತೋರಿಸಿತು. 1982ರಲ್ಲಿ ‘ಸ್ಮೈಲೀಸ್ ಪೀಪಲ್’. ಎರಡಕ್ಕೂ ಬಾಫ್ತಾ ಪ್ರಶಸ್ತಿ ಬಂತು. ನನ್ನ ಪಕ್ಕದ ಮನೆಯ ಅಜ್ಜಿ ಆ ಧಾರಾವಾಹಿ ಹೇಳುವಾಗ ನಮ್ಮ ಅಮ್ಮ ದೂರದರ್ಶನದ ‘ಮಾಲ್ಗುಡಿ ಡೇಸ್’ ಹೇಳುವ ಹಾಗೆ ಹೇಳುತ್ತಾರೆ.

ಪುಸ್ತಕದ ಸ್ಮೈಲಿ ಕುಳ್ಳ, ದಪ್ಪ. ತಮಗೆ ಆ ಗುಂಡು ಮೈ ಇಲ್ಲವಲ್ಲ ಅಂತ ಗಿನ್ನೆಸ್ ಲೇಖಕ ಜಾನ್ ಲ ಕಾರೆಗೆ ಬರೆದು ಹಿಂಜರಿದಿದ್ದರು. ನಿಜವಾದ ಗೂಢಚಾರನೊಬ್ಬನನ್ನು ನೋಡಬೇಕು ಅಂದರು. ಲ ಕಾರೆ ಊಟಕ್ಕೆ ಕರೆದದ್ದು ಸರ್ ಮೌರಿಸ್ ಓಲ್ಡ್‌ಫೀಲ್ಡ್ ಅವರನ್ನು. 1978ರವರೆಗೂ ಬ್ರಿಟಿಷ್ ಗುಪ್ತಚರ ಸಂಸ್ಥೆಯ ಮುಖ್ಯಸ್ಥರಾಗಿದ್ದವರು! ಊಟದುದ್ದಕ್ಕೂ ಗಿನ್ನೆಸ್ ಅವರ ತೋಳಿನ ಗುಂಡಿ, ಬೂಟು, ಕೊಡೆ, ಗ್ಲಾಸಿನ ಅಂಚಿನ ಸುತ್ತ ಬೆರಳಾಡಿಸುವ ರೀತಿ ಎಲ್ಲ ನೋಡಿಕೊಂಡರು. ಊಟ ಮುಗಿಸಿ ಓಲ್ಡ್‌ಫೀಲ್ಡ್ ಹೊರಟಾಗ ಗಿನ್ನೆಸ್ ತಡೆಯಲಾರದೆ ಬೀದಿಗೆ ಬಂದು ಅವರು ದೂರ ಹೋಗುವವರೆಗೂ ನಡಿಗೆ ನೋಡುತ್ತಾ ನಿಂತರಂತೆ. ನೇಪಥ್ಯ ಸರ್ ಹೇಳಿದ್ದು ಸುಳ್ಳಲ್ಲ ನೋಡಿ.

ಆ ಧಾರಾವಾಹಿಯಲ್ಲಿ ಅವರು ಮಾಡುವುದು ಏನು ಅಂತ ಕೇಳಿದರೆ, ಕೇಳಿಸಿಕೊಳ್ಳುವುದು. ಬೇರೆಯವರು ಮಾತಾಡುತ್ತಾರೆ, ಇವರು ಕನ್ನಡಕದ ಹಿಂದಿನಿಂದ ನೋಡುತ್ತಾರೆ. ಕನ್ನಡಕ ತೆಗೆದು ಟೈ ತುದಿಯಿಂದ ಒರೆಸುತ್ತಾರೆ. ಅಷ್ಟರಲ್ಲಿ ಎದುರಿಗಿದ್ದವನು ಹೇಳಬಾರದ್ದನ್ನು ಹೇಳಿರುತ್ತಾನೆ. ನಾನು ಆಸ್ಪತ್ರೆಯಲ್ಲಿ ದಾದಿ. ರೋಗಿಗಳ ಮಾತನ್ನು ಅಡ್ಡ ಬಾಯಿ ಹಾಕದೆ ಕೇಳುವುದು ಎಷ್ಟು ಕಷ್ಟ ಅಂತ ನನಗೆ ಗೊತ್ತು. ಅದನ್ನೇ ನಟನೆ ಮಾಡಿ ಏಳು ಕಂತು ನಮ್ಮನ್ನು ಕೂರಿಸುವುದು ಸಾಮಾನ್ಯವೇ?

ಲ ಕಾರೆಗೆ ಆಮೇಲೆ ತೊಂದರೆಯಾಯಿತು. ಸ್ಮೈಲಿ ಬಗ್ಗೆ ಬರೆಯಲು ಕೂತರೆ ಗಿನ್ನೆಸರ ದನಿಯೇ ಕೇಳಿಸತೊಡಗಿ, ಪಾತ್ರ ತನ್ನ ಕೈಬಿಟ್ಟು ಹೋಯಿತು ಅಂತ ಹೇಳಿಕೊಂಡಿದ್ದಾರೆ.

ಹೊಸ ಕಣ್ಣು, ಮೈಸೂರು:

‘ಕೈಂಡ್ ಹಾರ್ಟ್ಸ್’ ನೋಡಿದೆ! ಲೇಡಿ ಅಗಾಥಾ ಬಲೂನಲ್ಲಿ ಬಂದಾಗ ಅದು ಅವರೇ ಅಂತ ಮೊದಲೇ ಗೊತ್ತಿದ್ದರೂ ಮರೆತುಬಿಟ್ಟೆ. ಎಂಟು ಜನರಲ್ಲಿ ನನಗೆ ಇಷ್ಟ ಆಗಿದ್ದು ಆ ಮುದಿ ಪಾದ್ರಿ. ಎಷ್ಟೊಂದು ಮಾತಾಡ್ತಾರೆ, ಯಾರೂ ಅವರ ಮಾತು ಕೇಳ್ತಿಲ್ಲ ಅನ್ನೋದು ಅವರಿಗೆ ಗೊತ್ತೇ ಇಲ್ಲ, ಪಾಪ. ಆಮೇಲೆ ತಾತನ ಜೊತೆ ಕೂತು ‘ರಿವರ್ ಕ್ವಾಯ್’ ನೋಡಿದೆ. ತಾತ ಸೇನೆಯಲ್ಲಿದ್ದವರು. ನಿಕಲ್ಸನ್ ಶತ್ರುವಿಗಾಗಿ ಸೇತುವೆ ಕಟ್ಟಿ, ಅದರ ಮೇಲೆ ನಿಂತು ತನ್ನ ಇಪ್ಪತ್ತೆಂಟು ವರ್ಷದ ನೌಕರಿ ನೆನಪಿಸಿಕೊಳ್ಳೋ ದೃಶ್ಯದಲ್ಲಿ ತಾತ ಟೀವಿ ಕಡೆ ನೋಡದೆ ಕಿಟಕಿ ಕಡೆ ತಿರುಗಿದರು. ನಾನು ಏನೂ ಕೇಳಲಿಲ್ಲ.

ಒಂದು ಪ್ರಶ್ನೆ: ಇವರು ನಿಜವಾಗಿಯೂ ಯುದ್ಧಕ್ಕೆ ಹೋಗಿದ್ದರಾ?

ಕ್ರಾಯ್ಡನ್ ಕನ್ನಡತಿ, ಲಂಡನ್ ಹತ್ತಿರ:

ಹೋಗಿದ್ದರು. 1941ರಲ್ಲಿ ನೌಕಾಪಡೆಗೆ ಸಾಮಾನ್ಯ ನಾವಿಕನಾಗಿ ಸೇರಿ, ಮರುವರ್ಷ ಅಧಿಕಾರಿಯಾದರು. 1943ರಲ್ಲಿ ಸಿಸಿಲಿಯ ಮೇಲೆ ದಾಳಿಯಾದಾಗ ಸೈನಿಕರನ್ನು ದಡಕ್ಕಿಳಿಸುವ ಒಂದು ದೋಣಿಗೆ ಅವರೇ ಒಡೆಯ. ದಾಳಿಯನ್ನು ಒಂದು ಗಂಟೆ ಮುಂದೂಡಿದ ಸುದ್ದಿ ಅವರಿಗೆ ತಲುಪದೆ, ಎಲ್ಲರಿಗಿಂತ ಮುಂಚೆ ಹೋಗಿ ದಡ ಮುಟ್ಟಿದ್ದನ್ನು ತಮ್ಮ ಆತ್ಮಕಥೆಯಲ್ಲಿ ಬರೆದಿದ್ದಾರೆ. ನಿನ್ನ ತಾತನಿಗೆ ಇದನ್ನು ಹೇಳು, ಖುಷಿಪಡುತ್ತಾರೆ.

ಹಳೇ ರೀಲು, ಬೆಂಗಳೂರು:

ಹೊಸ ಕಣ್ಣು, ಆ ಮುದಿ ಪಾದ್ರಿ ನನಗೂ ಅಚ್ಚುಮೆಚ್ಚು.

ಫೇಗಿನ್ ಬಗ್ಗೆ ಒಂದು ಮಾತು ಉಳಿದಿತ್ತು. ಆ ಮೂಗಿನ ವಿಷಯ ಓದುಗಿಯವರು ಹೇಳಿದ್ದಾರೆ, ಅದರಲ್ಲಿ ನನಗೆ ತಕರಾರಿಲ್ಲ. ಪಾತ್ರ ಸಿಕ್ಕ ಬಗೆ ಮಾತ್ರ ಹೇಳುತ್ತೇನೆ. 1946ರ ‘ಗ್ರೇಟ್ ಎಕ್ಸ್‌ಪೆಕ್ಟೇಷನ್ಸ್’ನಲ್ಲಿ ಲೀನ್ ಅವರನ್ನು ಹರ್ಬರ್ಟ್ ಪಾಕೆಟ್ ಎಂಬ ಲವಲವಿಕೆಯ ತರುಣನಾಗಿ ತೋರಿಸಿದ್ದರು. ಮರು ಚಿತ್ರಕ್ಕೇ ಬಂದು, ನಾನು ಫೇಗಿನ್ ಮಾಡುತ್ತೇನೆ ಅಂದಾಗ ಲೀನ್ ನಕ್ಕುಬಿಟ್ಟರು. ಒಂದು ಪರೀಕ್ಷೆ ತೆಗೆದು ನೋಡಿ, ಅದಕ್ಕೆ ಮೊದಲು ನನ್ನನ್ನು ನೋಡಬೇಡಿ ಅಂದರು ಗಿನ್ನೆಸ್. ಬಣ್ಣ ಹಚ್ಚಿದ್ದು ಸ್ಟುವರ್ಟ್ ಫ್ರೀಬಾರ್ನ್. ಪೂರ್ತಿ ವೇಷದಲ್ಲಿ ಒಳಗೆ ಬಂದ ಮುದುಕನನ್ನು ಕಂಡು ಲೀನ್ ಮರುಮಾತಾಡದೆ ಒಪ್ಪಿದರು. ಗಿನ್ನೆಸರಿಗೆ ಆಗ ಮೂವತ್ತನಾಲ್ಕೂ ತುಂಬಿರಲಿಲ್ಲ. ಅದೇ ಫ್ರೀಬಾರ್ನ್ ಮೂವತ್ತು ವರ್ಷದ ಮೇಲೆ ‘ಸ್ಟಾರ್ ವಾರ್ಸ್’ನ ಮೈತುಂಬ ರೋಮದ ಚೂಬಾಕಾನನ್ನು, ಆಮೇಲೆ ಪುಟ್ಟ ಮುದುಕ ಯೋಡನನ್ನು ಮಾಡಿದವರು. ಹೊಸ ಕಣ್ಣು, ನಿನಗಾಗಿ ಇದನ್ನು ಬರೆದೆ.

ಸಾವನದುರ್ಗದ ಹಕ್ಕಿ, ಮಾಗಡಿ:

ಇಷ್ಟು ಮಾಡಿದವರು ಕೊನೆಗಾಲದಲ್ಲಿ ಹೇಗಿದ್ರು?

ಕ್ರಾಯ್ಡನ್ ಕನ್ನಡತಿ, ಲಂಡನ್ ಹತ್ತಿರ:

ಹ್ಯಾಂಪ್‌ಶೈರ್‌ನ ಪೀಟರ್ಸ್‌ಫೀಲ್ಡ್ ಹತ್ತಿರ ಸ್ಟೀಪ್ ಅನ್ನುವ ಹಳ್ಳಿಯಲ್ಲಿ ಹೆಂಡತಿಯ ಜೊತೆ ಇದ್ದರು. 1959ರಲ್ಲೇ ಸರ್ ಪದವಿ ಬಂದಿತ್ತು, 1980ರಲ್ಲಿ ಗೌರವ ಆಸ್ಕರ್ ಕೊಟ್ಟರು. ಮನೆಯಲ್ಲಿ ನಾಯಿಗಳು, ಪುಸ್ತಕ, ದಿನಚರಿ. ಹೆಂಡತಿ ಮೆರೂಲಾ ಸಲಮನ್ ಕೂಡ ನಟಿ. 1938ರಲ್ಲಿ ಮದುವೆ. 2000ದ ಆಗಸ್ಟ್ 5ರಂದು, ಎಂಬತ್ತಾರನೇ ವಯಸ್ಸಿನಲ್ಲಿ ಅವರು ಹೋದರು. ಎರಡು ತಿಂಗಳು ಕಳೆದು ಅಕ್ಟೋಬರಿನಲ್ಲಿ ಮೆರೂಲಾ ಹೋದರು. ಅರವತ್ತೆರಡು ವರ್ಷದ ಸಂಸಾರ.

ನೇಪಥ್ಯ, ಧಾರವಾಡ:

ಯಾರೂ ‘ಟ್ಯೂನ್ಸ್ ಆಫ್ ಗ್ಲೋರಿ’ ಅನ್ನಲಿಲ್ಲಲ್ಲ! 1960ರದು, ರೊನಾಲ್ಡ್ ನೀಮ್ ನಿರ್ದೇಶನ. ನನ್ನ ಕೇಳಿದರ ಆತನ ಎಲ್ಲಕ್ಕಿಂತ ದೊಡ್ಡ ಕೆಲಸ ಅದ. ಸ್ಕಾಟ್ಲೆಂಡಿನ ಒಂದು ದಂಡಿನ ಠಾಣೆ, ಹೊರಗ ಹಿಮ. ಜಾನ್ ಮಿಲ್ಸ್ ಹೊಸದಾಗಿ ಬಂದ ಶಿಸ್ತಿನ ಕರ್ನಲ್. ಗಿನ್ನೆಸ್, ಸಾಮಾನ್ಯ ಸಿಪಾಯಿಯಾಗಿ ಸೇರಿ ಮ್ಯಾಲೆ ಬಂದ ಜಾಕ್ ಸಿಂಕ್ಲೇರ್: ಕೆಂಪು ಕೂದಲು, ದೊಡ್ಡ ಬಾಯಿ, ಕುಡುಕ, ಜನರಿಗೆ ಅಚ್ಚುಮೆಚ್ಚಿನಾಂವ. ಆ ಶಿಸ್ತಿನ ಕರ್ನಲ್ ಪಾತ್ರ ನಿಕಲ್ಸನ್‌ಗ ಹತ್ತಿರದ್ದು, ಅದನ್ನ ತಗೊಂಡಿದ್ದರ ಆತಗ ಹಗುರ ಆಗತಿತ್ತು. ಆತ ತನಗ ದೂರ ಇದ್ದದ್ದನ್ನ ಆರಿಸ್ಕೊಂಡ.

ಕೊನೆಯ ದೃಶ್ಯ ಪೂರ್ತಿ ಹೇಳೂದಿಲ್ಲ. ಹೊಸ ಕಣ್ಣು ಇನ್ನೂ ನೋಡಿಲ್ಲಲ್ಲ. ಒಂದು ಶವಯಾತ್ರೆಗೆ ಬ್ಯಾಗ್‌ಪೈಪಿನ್ಯಾಗ ಯಾವ ಯಾವ ರಾಗ ನುಡಿಸಬೇಕು ಅಂತ ಸಿಂಕ್ಲೇರ್ ಒಂದೊಂದಾಗಿ ಹೇಳಕೋತ ನಿಂತಿರತಾನ. ಕೋಣೆಯೊಳಗ ಯಾರೂ ನುಡಿಸವಲ್ರು. ಆದ್ರ ಆತಗ ಕೇಳಿಸಲಿಕತ್ತದ. ನಮಗೂ ಕೇಳಿಸಲಿಕ್ಕೆ ಸುರು ಆಗತದ. ಆವಾಗ ಆ ದೊಡ್ಡ ಬಾಯಿ ಮನಶಾನ ಕಣ್ಣು ಹೆಂಗ ಆಗತಾವ ಅನ್ನೋದನ್ನ ನೋಡ್ರಿ.

ಹೊಸ ಕಣ್ಣು, ಮೈಸೂರು:

ಭಾನುವಾರ ತಾತನ ಜೊತೆ ನೋಡ್ತೀನಿ ಸರ್. ಈ ಸಲ ನಾನೂ ಮೊದಲು ಕಾಲು ನೋಡ್ತೀನಿ.

ಹಳೇ ರೀಲು, ಬೆಂಗಳೂರು:

ನೋಡಿ ಬಂದು ಬರಿ ಅಮ್ಮ, ಕಾಯುತ್ತಿರುತ್ತೇವೆ. ನಾನು ಇವತ್ತು ರಾತ್ರಿ ‘ಎ ಪ್ಯಾಸೇಜ್ ಟು ಇಂಡಿಯಾ’ ಮತ್ತೆ ಹಾಕುತ್ತೇನೆ. ಮಾವ ಹೋಗಿ ಹನ್ನೊಂದು ವರ್ಷ ಆಯಿತು, ಅವರು ಕೂಡಿಸಿದ ಬಾಗಿಲು ಯಾವುದು ಅಂತ ನಾನು ಇನ್ನೂ ಹುಡುಕುತ್ತಿದ್ದೇನೆ.